ಗಂಟೆ ನಿಂತ ಆರು ವರ್ಷ

ಇಂಗ್ಲೆಂಡಿನ ಜಾನ್ ದೊರೆಯ ಹೆಸರೆತ್ತಿದೊಡನೆ ಮ್ಯಾಗ್ನ ಕಾರ್ಟದ ನೆನಪಾಗುವುದು ಸಹಜ. ೧೨೧೫ ಎಂಬ ಇಸವಿಯನ್ನು ನಾವೆಲ್ಲರೂ ಹೈಸ್ಕೂಲಿನಲ್ಲಿ ಉರು ಹೊಡೆದವರೇ. ಆದರೆ ಅದಕ್ಕೆ ಹಿಂದಿನ ಹತ್ತು ವರ್ಷಗಳಲ್ಲಿ ಆ ದೊರೆಗೂ ರೋಮಿನ ಪೋಪರಿಗೂ ನಡೆದ ಜಗಳವನ್ನು ನಮ್ಮ ಪಠ್ಯಪುಸ್ತಕಗಳು ಎರಡು ಸಾಲಿನಲ್ಲಿ ಮುಗಿಸಿದ್ದವು. ಆ ಎರಡು ಸಾಲನ್ನೇ ಇಲ್ಲಿ ಸ್ವಲ್ಪ ಬಿಡಿಸಿ ನೋಡೋಣ.

ಅಂದಿನ ಇಂಗ್ಲೆಂಡಿನ ಹಳ್ಳಿಯೊಂದನ್ನು ವಾಚಕರು ಕಲ್ಪಿಸಿಕೊಳ್ಳಬೇಕು. ಹಳ್ಳಿಯ ನಡುವೆ ಕಲ್ಲಿನ ಇಗರ್ಜಿ. ಬೆಳೆದ ಧಾನ್ಯದಲ್ಲಿ, ಕತ್ತರಿಸಿದ ಉಣ್ಣೆಯಲ್ಲಿ, ಹುಟ್ಟಿದ ಕುರಿಮರಿಗಳಲ್ಲಿ ಹತ್ತರಲ್ಲೊಂದು ಪಾಲು ಅದಕ್ಕೆ ಸಲ್ಲತಕ್ಕದ್ದು. ಮಗು ಹುಟ್ಟಿದರೆ ಪಾದ್ರಿ ಬೇಕು, ಮದುವೆಗೆ ಪಾದ್ರಿ ಬೇಕು, ಸತ್ತರೆ ಹೂಳುವುದಕ್ಕೂ ಪಾದ್ರಿಯೇ ಬೇಕು. ಮದುವೆಯ ತಕರಾರು, ಮರಣಪತ್ರದ ತಕರಾರು ಇವು ದೊರೆಯ ನ್ಯಾಯಸ್ಥಾನಕ್ಕೆ ಹೋಗುತ್ತಿರಲಿಲ್ಲ. ಇಗರ್ಜಿಯ ನ್ಯಾಯಸ್ಥಾನದಲ್ಲೇ ತೀರ್ಮಾನವಾಗಬೇಕು. ಕೊಲೆ ಮಾಡಿದವನೂ ಓಡಿಬಂದು ಇಗರ್ಜಿಯೊಳಗೆ ಹೊಕ್ಕರೆ ನಲವತ್ತು ದಿನ ಅವನನ್ನು ಮುಟ್ಟುವಂತಿರಲಿಲ್ಲ. ಗಡಿಯಾರವಿಲ್ಲದ ಆ ಕಾಲದಲ್ಲಿ ಹೊತ್ತು ತಿಳಿಸುತ್ತಿದ್ದುದೂ ಇಗರ್ಜಿಯ ಗಂಟೆಯೇ.

ಇನ್ನು ಓದುಬರಹ. ಅದನ್ನು ಬಲ್ಲವರೆಂದರೆ ಬಹುಮಟ್ಟಿಗೆ ಪಾದ್ರಿವರ್ಗದವರೇ. ದೊರೆಯ ಲೆಕ್ಕಪತ್ರ ಬರೆಯುವುದಕ್ಕೂ ಅವರೇ ಆಗಬೇಕಿತ್ತು. ಜಾನನ ತಂದೆ ಎರಡನೆಯ ಹೆನ್ರಿಯ ಖಜಾನೆಯನ್ನು ನೋಡಿಕೊಳ್ಳುತ್ತಿದ್ದ ರಿಚರ್ಡ್ ಫಿಟ್ಸ್‌ನೀಲನು ಮುಂದೆ ಲಂಡನ್ನಿನ ಬಿಷಪ್ಪನಾದನು. ಇಂಗ್ಲಿಷಿನಲ್ಲಿ ಪಾದ್ರಿಗೆ ಇದ್ದ ‘ಕ್ಲೆರಿಕ್’ ಎಂಬ ಮಾತೇ ‘ಕ್ಲರ್ಕ್’ ಆಗಿ ಉಳಿದುಬಂದಿದೆ. ಬ್ಯಾಂಕಿನಲ್ಲಿ ಲೆಡ್ಜರ್ ತಿರುವುತ್ತ ಕುಳಿತಿರುವ ನಮ್ಮಂಥವರಿಗೆ ಇಷ್ಟು ಪವಿತ್ರವಾದ ವಂಶಾವಳಿ ಇದೆಯೆಂದು ಮನೆಯವರು ನಂಬುವುದು ಕಷ್ಟ. ಆದರೂ ಮಾತು ನಿಜ.

ಜಗಳ ಹುಟ್ಟಿದ್ದು ಒಂದು ಹುದ್ದೆಯ ಸಲುವಾಗಿ. ೧೨೦೫ರಲ್ಲಿ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಹ್ಯೂಬರ್ಟ್ ವಾಲ್ಟರ್ ತೀರಿಕೊಂಡನು. ಅವನ ಜಾಗಕ್ಕೆ ಅಲ್ಲಿನ ಸನ್ಯಾಸಿಗಳು ಗುಟ್ಟಾಗಿ ತಮ್ಮಲ್ಲೇ ಒಬ್ಬನನ್ನು ಆರಿಸಿದರು. ದೊರೆಯು ತನ್ನ ಆಪ್ತನಾದ ನಾರಿಚ್‌ನ ಬಿಷಪ್ಪನನ್ನು ಮುಂದೆ ತಳ್ಳಿದನು. ವ್ಯಾಜ್ಯ ರೋಮಿಗೆ ಹೋಯಿತು. ಆಗ ಪೋಪರಾಗಿದ್ದವರು ಮೂರನೆಯ ಇನ್ನೊಸೆಂಟ್; ನ್ಯಾಯಶಾಸ್ತ್ರ ಬಲ್ಲವರು, ರಾಜರಿಗೆ ಹೆದರುವ ಆಸಾಮಿಯಲ್ಲ. ಅವರು ಇಬ್ಬರನ್ನೂ ತಳ್ಳಿಹಾಕಿ, ಪ್ಯಾರಿಸ್ಸಿನಲ್ಲಿ ಹೆಸರಾಂತ ಅಧ್ಯಾಪಕನಾಗಿದ್ದ ಸ್ಟೀಫನ್ ಲ್ಯಾಂಗ್ಟನ್ನನನ್ನು ೧೨೦೭ರಲ್ಲಿ ಪೀಠಕ್ಕೇರಿಸಿದರು. ಜಾನನು ಕೆರಳಿ, ಕ್ಯಾಂಟರ್ಬರಿಯ ಸನ್ಯಾಸಿಗಳನ್ನು ದೇಶದಿಂದಲೇ ಓಡಿಸಿದನು.

ಪೋಪರ ಬಳಿ ಸೈನ್ಯವಿರಲಿಲ್ಲ. ಆದರೆ ಸೈನ್ಯಕ್ಕಿಂತ ಹೆಚ್ಚಿನದೊಂದು ಇತ್ತು. ೧೨೦೮ರ ಮಾರ್ಚಿ ತಿಂಗಳಲ್ಲಿ ಇಡೀ ಇಂಗ್ಲೆಂಡಿನ ಮೇಲೆ ಪೂಜಾನಿಷೇಧ ಹೊರಬಿತ್ತು. ಇಗರ್ಜಿಗಳ ಬಾಗಿಲು ಮುಚ್ಚಿತು, ಗಂಟೆ ನಿಂತಿತು. ಎಳೆಮಕ್ಕಳಿಗೆ ದೀಕ್ಷಾಸ್ನಾನ, ಸಾಯುವವರಿಗೆ ಪಾಪನಿವೇದನೆ, ಇವೆರಡನ್ನು ಬಿಟ್ಟು ಮಿಕ್ಕ ಕರ್ಮಗಳು ಜನಸಾಮಾನ್ಯರಿಗೆ ಇಲ್ಲವಾದವು. ಶವಗಳನ್ನು ಊರ ಹೊರಗೆ ಒಯ್ದು ದಾರಿಯ ಬದಿಯಲ್ಲಿ, ಹಳ್ಳಗಳಲ್ಲಿ ಪ್ರಾರ್ಥನೆಯಿಲ್ಲದೆ ಹೂಳುತ್ತಿದ್ದರೆಂದು ಅಂದಿನ ಬಖೈರುಗಾರನೊಬ್ಬನು ಬರೆದಿಟ್ಟಿದ್ದಾನೆ.

ಪವಿತ್ರಭೂಮಿಯಲ್ಲಿ ಮಣ್ಣಾಗದ ದೇಹಕ್ಕೆ ಮುಂದಿನ ಗತಿಯೇನು ಎಂಬ ಭಯ ಆ ಜನಕ್ಕೆ ಎಷ್ಟು ನಿಜವಾದದ್ದೆಂಬುದು, ಅಪರಕರ್ಮ ತಪ್ಪಿದರೆ ತಳಮಳಿಸುವ ಮನೆಗಳಲ್ಲಿ ಬೆಳೆದ ನಮಗೆ ಬಿಡಿಸಿ ಹೇಳಬೇಕಾಗಿಲ್ಲ. ಆರ್ಚ್‌ಬಿಷಪ್ಪನು ಯಾರಾಗಬೇಕೆಂದು ಉಳುವ ರೈತನನ್ನು ಯಾರೂ ಕೇಳಿರಲಿಲ್ಲ. ಶಿಕ್ಷೆ ಮಾತ್ರ ಅವನ ತಾಯಿಯ ಹೆಣಕ್ಕೂ ಆಯಿತು. ಇದು ನ್ಯಾಯವೆಂದು ನಮಗಂತೂ ತೋರುವುದಿಲ್ಲ.

ದೊರೆ ಏನು ಮಾಡಿದನು? ನಿಷೇಧಕ್ಕೆ ತಲೆಬಾಗಿದ ಪಾದ್ರಿಗಳ ಆಸ್ತಿಯನ್ನೆಲ್ಲ ಮುಟ್ಟುಗೋಲು ಹಾಕಿದನು. ಅವರ ಹೊಟ್ಟೆಗೆ ಸಾಲುವಷ್ಟು ಬಿಟ್ಟು ಉಳಿದ ಉತ್ಪತ್ತಿ ಅರಮನೆಗೆ. ದುಡ್ಡು ಕೊಟ್ಟವರಿಗೆ ಅವರ ಆಸ್ತಿಯನ್ನು ಅವರಿಗೇ ಮತ್ತೆ ವಹಿಸಿಕೊಟ್ಟನು. ಬ್ರಹ್ಮಚರ್ಯದ ವ್ರತ ಹಿಡಿದ ಪಾದ್ರಿಗಳು ಮನೆಯಲ್ಲಿಟ್ಟುಕೊಂಡಿದ್ದ ಹೆಂಗಸರನ್ನು ಹಿಡಿಸಿ, ಬಿಡುಗಡೆಗೆ ಹಣ ವಸೂಲು ಮಾಡಿದನಂತೆ! ೧೨೦೯ರಲ್ಲಿ ಪೋಪರು ದೊರೆಯನ್ನೇ ಧರ್ಮದಿಂದ ಬಹಿಷ್ಕರಿಸಿದರು. ಬಿಷಪ್ಪರು ಒಬ್ಬೊಬ್ಬರಾಗಿ ದೇಶ ಬಿಟ್ಟರು. ಪೀಠಗಳು ಖಾಲಿಯಾದಷ್ಟೂ ಅವುಗಳ ಉತ್ಪತ್ತಿ ದೊರೆಯ ಬೊಕ್ಕಸಕ್ಕೇ ಸೇರಿತು. ಜನರು ದಂಗೆಯೆದ್ದು ದೊರೆಯನ್ನು ಮಣಿಸುವರೆಂಬ ನಿರೀಕ್ಷೆ ರೋಮಿನಲ್ಲಿದ್ದಿದ್ದರೆ ಅದು ಕೈಗೂಡಲಿಲ್ಲ. ಹಳ್ಳಿಗರು ಸುಮ್ಮನೆ ಸಹಿಸಿದರು.

ಜಾನನನ್ನು ಮಣಿಸಿದ್ದು ರಾಜಕಾರಣ. ೧೨೧೨ರಲ್ಲಿ ಅವನ ಸಾಮಂತರೇ ಪಿತೂರಿ ನಡೆಸಿದರು. ಕಡಲಾಚೆ ಫ್ರಾನ್ಸಿನ ಫಿಲಿಪ್ ದೊರೆ ದಂಡೆತ್ತಿ ಬರಲು ಹಡಗುಗಳನ್ನು ಸಜ್ಜುಗೊಳಿಸಿದನು. ಬರುವ ಸ್ವರ್ಗಾರೋಹಣದ ಹಬ್ಬದ ಹೊತ್ತಿಗೆ ಜಾನನು ದೊರೆಯಾಗಿ ಉಳಿಯುವುದಿಲ್ಲವೆಂದು ಪೀಟರ್ ಎಂಬ ಬೈರಾಗಿಯೊಬ್ಬನು ಊರೂರಲ್ಲಿ ಸಾರುತ್ತಿದ್ದನು. ೧೨೧೩ರ ಮೇ ೧೫ರಂದು, ಹಬ್ಬಕ್ಕೆ ಇನ್ನೂ ಎಂಟು ದಿನವಿರುವಾಗ, ಜಾನನು ಡೋವರಿನ ಬಳಿ ಪೋಪರ ಪ್ರತಿನಿಧಿ ಪ್ಯಾಂಡಲ್ಫನ ಮುಂದೆ ಇಂಗ್ಲೆಂಡ್ ಮತ್ತು ಐರ್ಲೆಂಡ್ ರಾಜ್ಯಗಳನ್ನು ರೋಮಿಗೆ ಒಪ್ಪಿಸಿ, ಸಾಮಂತನಾಗಿ ಅವನ್ನೇ ಮರಳಿ ಪಡೆದನು. ಹಬ್ಬ ಕಳೆದಮೇಲೆ ಬೈರಾಗಿಯನ್ನು ಗಲ್ಲಿಗೇರಿಸಲಾಯಿತು. ಅವನ ಮಾತು ಸುಳ್ಳಾಯಿತೇ ಎಂದು ಜನ ತಮ್ಮತಮ್ಮಲ್ಲೇ ಕೇಳಿಕೊಂಡರಂತೆ.

ವಾರ್ಷಿಕ ಕಪ್ಪ ಇಂಗ್ಲೆಂಡಿಗಾಗಿ ೭೦೦, ಐರ್ಲೆಂಡಿಗಾಗಿ ೩೦೦, ಒಟ್ಟು ೧,೦೦೦ ಮಾರ್ಕು. ಮಾರ್ಕೆಂದರೆ ೧೩ ಷಿಲಿಂಗ್ ೪ ಪೆನ್ಸ್. ಲೆಕ್ಕ ಹಾಕಿದರೆ ೬೬೬ ಪೌಂಡು ೧೩ ಷಿಲಿಂಗ್ ೪ ಪೆನ್ಸ್. ಎರಡು ರಾಜ್ಯಗಳ ಗೇಣಿಯೆಂದು ನೋಡಿದರೆ ಅಗ್ಗದ್ದೇ. ಅದಕ್ಕೆ ಪ್ರತಿಯಾಗಿ, ನಿನ್ನೆಯವರೆಗೆ ಶಪಿಸುತ್ತಿದ್ದ ಪೋಪರು ಇಂದು ದೊರೆಯ ರಕ್ಷಕರಾದರು. ಫಿಲಿಪ್ಪನ ದಂಡಯಾತ್ರೆ ನಿಂತಿತು. ಜಾನನನ್ನು ಹೇಡಿಯೆಂದು ಹಳಿದ ಇತಿಹಾಸಕಾರರಿದ್ದಾರೆ. ಅವನು ಕೆಟ್ಟ ದೊರೆಯಿರಬಹುದು, ಕೆಟ್ಟ ವ್ಯವಹಾರಸ್ಥನಂತೂ ಅಲ್ಲವೆಂದು ನಮ್ಮ ಅಭಿಪ್ರಾಯ.

ಇಷ್ಟಾದರೂ ಗಂಟೆ ಬಾರಿಸಲಿಲ್ಲ. ಇದೇ ನಮಗೆ ಎಲ್ಲಕ್ಕಿಂತ ಕಹಿಯಾಗಿ ಕಾಣುವ ಸಂಗತಿ. ಮುಟ್ಟುಗೋಲಾದ ಆಸ್ತಿಗೆ ಪರಿಹಾರವೆಷ್ಟು, ಯಾವ ಕಂತಿನಲ್ಲಿ ಎಂಬ ಚೌಕಾಸಿ ಮತ್ತೂ ಒಂದು ವರ್ಷ ನಡೆಯಿತು. ೪೦,೦೦೦ ಮಾರ್ಕಿನ ಮೊತ್ತ ಗೊತ್ತಾಯಿತು. ದೊರೆಯೂ ಪೋಪರೂ ರಾಜಿಯಾಗಿದ್ದರು, ಲ್ಯಾಂಗ್ಟನ್ನನು ಪೀಠದಲ್ಲಿ ಕುಳಿತಿದ್ದನು. ಹಳ್ಳಿಯ ಹೆಣಗಳು ಮಾತ್ರ ಆ ಲೆಕ್ಕ ಚುಕ್ತಾ ಆಗುವತನಕ ಇಗರ್ಜಿಯ ಆವರಣದ ಹೊರಗೇ ಉಳಿದವು. ನಿಷೇಧ ತೆಗೆದದ್ದು ೧೨೧೪ರ ಜುಲೈ ೨ರಂದು.

ಮುಂದಿನದು ಪಠ್ಯಪುಸ್ತಕದ ಕಥೆ. ಸಾಮಂತರು ರನ್ನಿಮೀಡಿನಲ್ಲಿ ಜಾನನಿಂದ ಸನ್ನದು ಪಡೆದಾಗ ನಡುವೆ ನಿಂತು ಮಾತುಕತೆ ನಡೆಸಿದವರಲ್ಲಿ ಲ್ಯಾಂಗ್ಟನ್ನನು ಮುಖ್ಯನು. ಇಂಗ್ಲೆಂಡಿನ ಇಗರ್ಜಿ ಸ್ವತಂತ್ರವಾಗಿರತಕ್ಕದ್ದೆಂಬುದೇ ಅದರ ಮೊದಲನೆಯ ಕಲಮು. ಆದರೆ ತಮ್ಮ ಸಾಮಂತನನ್ನು ಬಲಾತ್ಕರಿಸಿ ಪಡೆದದ್ದೆಂದು ಪೋಪರು ಎರಡೇ ತಿಂಗಳಲ್ಲಿ ಆ ಸನ್ನದನ್ನು ರದ್ದುಮಾಡಿದರು! ಯಾರನ್ನು ಪೀಠಕ್ಕೇರಿಸಲು ಒಂದು ದೇಶದ ಗಂಟೆಗಳನ್ನೇ ನಿಲ್ಲಿಸಿದ್ದರೋ ಆ ಲ್ಯಾಂಗ್ಟನ್ನನನ್ನೂ ಅಧಿಕಾರದಿಂದ ಅಮಾನತು ಮಾಡಲಾಯಿತು. ಮರುವರ್ಷ ಜಾನನು ಸತ್ತನು. ಅವನ ಮಗನ ಕಾಲದಲ್ಲಿ ಸನ್ನದು ತಿದ್ದುಪಡಿಗಳೊಡನೆ ಮತ್ತೆ ಹೊರಟಿತು.

ಕಪ್ಪ ಕೆಲವು ವರ್ಷ ಸಂದಿತು, ಕೆಲವು ವರ್ಷ ಬಾಕಿ ಬಿತ್ತು. ಹದಿನಾಲ್ಕನೆಯ ಶತಮಾನದಲ್ಲಿ ಪೋಪರು ಹಳೆಯ ಬಾಕಿಯನ್ನೆಲ್ಲ ಕೇಳಿ ಕಳುಹಿಸಿದಾಗ, ೧೩೬೬ರಲ್ಲಿ ಪಾರ್ಲಿಮೆಂಟು ಸೇರಿ, ಪ್ರಜೆಗಳ ಸಮ್ಮತಿಯಿಲ್ಲದೆ ರಾಜ್ಯವನ್ನು ಒಪ್ಪಿಸಲು ಜಾನನಿಗೆ ಅಧಿಕಾರವೇ ಇರಲಿಲ್ಲವೆಂದು ಉತ್ತರ ಕೊಟ್ಟಿತು.