ಗಲ್ಲಾದ ಲೆಕ್ಕ ಈಗ ಯಾರ ಕೈಯಲ್ಲಿ?

2025ರ ಜುಲೈ ತಿಂಗಳಲ್ಲಿ ಬೆಂಗಳೂರಿನ ಅನೇಕ ಚಹಾ ಅಂಗಡಿ, ಬೇಕರಿ ಮತ್ತು ಸಣ್ಣ ಹೋಟೆಲುಗಳ ಮುಂದೆ ಹೊಸದೊಂದು ಫಲಕ ಕಾಣಿಸಿಕೊಂಡಿತು: 'ಯುಪಿಐ ಇಲ್ಲ, ನಗದು ಮಾತ್ರ'. ಬಿಸ್ಕತ್ತಿನ ಭರಣಿಗೆ ಅಂಟಿಸಿದ್ದ ಕಪ್ಪು-ಬಿಳಿ ಚೌಕದ ಕ್ಯೂಆರ್ ಚೀಟಿಯನ್ನು ಕೆಲವರು ಕಿತ್ತುಹಾಕಿದರು. ರಾಜ್ಯದ ವಾಣಿಜ್ಯ ತೆರಿಗೆ ಇಲಾಖೆ ಸಾವಿರಾರು ಸಣ್ಣ ವ್ಯಾಪಾರಿಗಳಿಗೆ ನೋಟಿಸು ಕಳಿಸಿತ್ತು. 2021-22ರಿಂದ 2024-25ರವರೆಗೆ ಅವರ ಯುಪಿಐ ಖಾತೆಗಳಿಗೆ ಬಂದ ಹಣವನ್ನು ಕೂಡಿಸಿ, ಅದು ನೋಂದಣಿಯ ಮಿತಿ ದಾಟಿದೆ, ತೆರಿಗೆ ಏಕೆ ಕಟ್ಟಿಲ್ಲ ಎಂದು ಇಲಾಖೆ ಕೇಳಿತ್ತು.

ಸರಕು ಮಾರುವವರಿಗೆ ಈ ಮಿತಿ ವರ್ಷಕ್ಕೆ 40 ಲಕ್ಷ ರೂಪಾಯಿ, ಸೇವೆ ಕೊಡುವವರಿಗೆ 20 ಲಕ್ಷ. ಕೂರಿಸಿ ಊಟ-ತಿಂಡಿ ಬಡಿಸುವುದು ಸೇವೆಯ ಲೆಕ್ಕಕ್ಕೆ ಸೇರುತ್ತದೆ. 20 ಲಕ್ಷವೆಂದರೆ ದೊಡ್ಡ ಮೊತ್ತದಂತೆ ಕೇಳಿಸುತ್ತದೆ. ದಿನಕ್ಕೆ ಭಾಗಿಸಿದರೆ ಐದೂವರೆ ಸಾವಿರ ರೂಪಾಯಿಗೂ ತುಸು ಕಡಿಮೆ. ಬಸ್ ನಿಲ್ದಾಣದ ಪಕ್ಕದ ಹೋಟೆಲಿನಲ್ಲಿ ಬೆಳಗಿನ ಇಡ್ಲಿ, ಮಧ್ಯಾಹ್ನದ ಊಟ, ಸಂಜೆಯ ಮಿರ್ಚಿ-ಭಜಿ ಸೇರಿ ಅಷ್ಟು ವ್ಯಾಪಾರ ಆಗುವುದು ಅಪರೂಪವೇನಲ್ಲ. ಆದರೆ ಅದು ಒಟ್ಟು ವ್ಯಾಪಾರ, ಲಾಭವಲ್ಲ. ಹಾಲು, ಎಣ್ಣೆ, ಗ್ಯಾಸು, ಕೂಲಿ ಎಲ್ಲ ಅದರೊಳಗೇ ಇರುತ್ತವೆ.

ಈ ಗಲಾಟೆಯನ್ನು ಬರೀ ತೆರಿಗೆಯ ವಿಷಯವೆಂದು ನೋಡಿದರೆ ಅರ್ಧ ಕಥೆ ಮಾತ್ರ ತಿಳಿದಂತೆ. ಉಂಡವರ ಲೆಕ್ಕವನ್ನು ಯಾರು ಬರೆದಿಡುತ್ತಾರೆ, ಆ ವಹಿಯನ್ನು ಯಾರು ತೆರೆದು ಓದಬಲ್ಲರು ಎಂಬ ಹಳೆಯ ಪ್ರಶ್ನೆ ಅದರ ಹಿಂದಿದೆ. ಆ ಪ್ರಶ್ನೆಯ ಜಾಡು ಹಿಡಿಯಲು ಆಳಂದ ತಾಲೂಕಿನ ಹೋಬಳಿ ಊರಾದ ನರೋಣಾ, ಅದರ ಸುತ್ತಿನ ಅಫಜಲಪುರ, ಜೇವರ್ಗಿ ಸೀಮೆ ಅನುಕೂಲವಾದ ಜಾಗ. ಏಕೆಂದರೆ ಲೆಕ್ಕವೇ ಇಲ್ಲದ ಊಟಕ್ಕೆ ಈ ಸೀಮೆ ಹೆಸರಾದುದು.

ಜೇವರ್ಗಿ ತಾಲೂಕಿನ ಅರಳಗುಂಡಗಿಯಲ್ಲಿ ಹುಟ್ಟಿ ಕಲಬುರಗಿಯಲ್ಲಿ ನೆಲೆಸಿದ ಶರಣಬಸವೇಶ್ವರರ ಹೆಸರು ದಾಸೋಹದ ಜತೆಗೇ ಬರುತ್ತದೆ. ಹೊಲದ ಜೋಳವನ್ನು ಹಕ್ಕಿಗಳು ತಿನ್ನಲಿ ಎಂದು ಬಿಟ್ಟವರು ಅವರು ಎಂಬ ಕಥೆ ಇಲ್ಲಿ ಮಕ್ಕಳಿಗೂ ಗೊತ್ತು. ಅಫಜಲಪುರ ತಾಲೂಕಿನ ದೇವಲ ಗಾಣಗಾಪುರದಲ್ಲಿ ಇನ್ನೊಂದು ಬಗೆ. ದತ್ತಾತ್ರೇಯನ ಭಕ್ತರು ಮಧ್ಯಾಹ್ನ ಐದು ಮನೆಗಳಿಗೆ ಹೋಗಿ ಮಧುಕರಿ ಬೇಡಿ ಉಣ್ಣುತ್ತಾರೆ. ಎರಡು ಕಡೆಯೂ ಉಂಡವನ ಹೆಸರು ಬರೆದುಕೊಳ್ಳುವ ಪದ್ಧತಿಯಿಲ್ಲ.

ದುಡ್ಡು ಕೊಟ್ಟು ಉಣ್ಣುವ ರೂಢಿ ಹರಡಿದ್ದು ರೈಲು, ಕಚೇರಿ, ಶಾಲೆ-ಕಾಲೇಜುಗಳ ಜತೆ. 1871ರಲ್ಲಿ ಮುಂಬಯಿ ಕಡೆಯ ರೈಲುದಾರಿ ಕಲಬುರಗಿಯ ಮೇಲೆ ಹಾದು ರಾಯಚೂರಿನಲ್ಲಿ ಮದರಾಸಿನ ದಾರಿಯನ್ನು ಕೂಡಿತು. ಆಗ ಈ ಸೀಮೆ ನಿಜಾಮರ ಆಡಳಿತದಲ್ಲಿತ್ತು. ಆಳಂದದ ಆಚೆಗಿನ ಸೊಲ್ಲಾಪುರ ಜಿಲ್ಲೆ ಮುಂಬಯಿ ಪ್ರಾಂತ್ಯದ್ದು. ಒಂದು ಕಡೆ ನಿಜಾಮರ ಹಾಲಿ ಸಿಕ್ಕಾ, ಇನ್ನೊಂದು ಕಡೆ ಬ್ರಿಟಿಷರ ಕಲ್ದಾರ ರೂಪಾಯಿ. ಆರು ಕಲ್ದಾರಕ್ಕೆ ಏಳು ಹಾಲಿ ಸಿಕ್ಕಾ ಎಂಬುದು ಸುಮಾರಾಗಿ ನಡೆಯುತ್ತಿದ್ದ ದರ. 1948ರಲ್ಲಿ ಹೈದರಾಬಾದ್ ಸಂಸ್ಥಾನ ಭಾರತದಲ್ಲಿ ಸೇರಿದ ಮೇಲೂ ಕೆಲವು ವರ್ಷ ಈ ಎರಡು ಹಣ ಜತೆಯಲ್ಲೇ ಓಡಾಡಿದವು. 1957ರಲ್ಲಿ ಆಣೆ ಹೋಗಿ ನಯಾಪೈಸೆ ಬಂದದ್ದು ಮತ್ತೊಂದು ತಲೆನೋವು. ಗಡಿಯೂರಿನಲ್ಲಿ ಗಲ್ಲಾದ ಮೇಲೆ ಕೂತವನಿಗೆ ರುಚಿಗಿಂತ ಮೊದಲು ಬಾಯಿಲೆಕ್ಕ ಗೊತ್ತಿರಬೇಕಿತ್ತು.

ಈ ಕಡೆಯ ಖಾನಾವಳಿಯ ಊಟ ಇಂದಿಗೂ ಹೆಚ್ಚು ಬದಲಾಗಿಲ್ಲ. ಜೋಳದ ರೊಟ್ಟಿ, ಎಣ್ಣೆಗಾಯಿ, ಪುಂಡಿಪಲ್ಯ, ಶೇಂಗಾ ಹಿಂಡಿ, ಮೊಸರು. ಬದಲಾಗಿರುವುದು ಲೆಕ್ಕದ ರೀತಿ. ಊರು ಬಿಟ್ಟು ಬಂದ ವಿದ್ಯಾರ್ಥಿ, ವರ್ಗವಾಗಿ ಬಂದ ಗುಮಾಸ್ತ, ಒಂಟಿಯಾಗಿದ್ದ ಮಾಸ್ತರರು ಖಾನಾವಳಿಯಲ್ಲಿ ತಿಂಗಳ ಲೆಕ್ಕಕ್ಕೆ ಉಣ್ಣುತ್ತಿದ್ದರು. ಉದ್ದನೆಯ ಕೆಂಪು ಹೊದಿಕೆಯ ವಹಿಯಲ್ಲಿ ಅವರ ಹೆಸರಿಗೊಂದು ಪುಟ. ಊಟಕ್ಕೊಂದು ಗೀಟು, ಊರಿಗೆ ಹೋದ ದಿನ ಖಾಲಿ. ಸಂಬಳ ಬಂದ ದಿನ ಆ ಪುಟಕ್ಕೆ ಅಡ್ಡಗೆರೆ. ಗೋಡೆಯ ಮೇಲೆ 'ಇಂದು ನಗದು, ನಾಳೆ ಉದ್ರಿ' ಎಂಬ ಫಲಕ ಇದ್ದೇ ಇರುತ್ತಿತ್ತು. ಅದು ಗುರುತಿಲ್ಲದವರಿಗೆ ಮಾತ್ರ. ಗುರುತಿದ್ದವರ ಉದ್ರಿಯ ಮೇಲೆಯೇ ಖಾನಾವಳಿ ನಡೆಯುತ್ತಿತ್ತು ಎಂದರೆ ತಪ್ಪಿಲ್ಲ. ಮಳೆ ಹೋದ ವರ್ಷ ಯಾರ ಬಾಕಿಯನ್ನು ಸುಗ್ಗಿಯವರೆಗೆ ಕೇಳಬಾರದು ಎಂಬುದು ವಹಿಯಲ್ಲಿ ಬರೆದಿರುತ್ತಿರಲಿಲ್ಲ, ಮಾಲೀಕನ ತಲೆಯಲ್ಲಿರುತ್ತಿತ್ತು.

ಕರಾವಳಿಯಿಂದ ಬಂದ ಉಡುಪಿ ಹೋಟೆಲಿನವರು ಬೇರೆಯದೇ ಪದ್ಧತಿ ತಂದರು. ಅಲ್ಲಿ ಲೆಕ್ಕವಿದ್ದದ್ದು ಮಾಣಿಯ ನಾಲಿಗೆಯ ಮೇಲೆ. ಗಿರಾಕಿ ಕೈತೊಳೆದು ಬರುವಷ್ಟರಲ್ಲಿ ಆತ ತಿಂದದ್ದನ್ನು ಮಾಣಿ ದೂರದಿಂದಲೇ ಕೂಗಿ ಗಲ್ಲಾಕ್ಕೆ ಮುಟ್ಟಿಸುತ್ತಿದ್ದ. 1943ರಲ್ಲಿ ಆರಂಭವಾದ ಬೆಂಗಳೂರಿನ ಗಾಂಧಿಬಜಾರಿನ ವಿದ್ಯಾರ್ಥಿ ಭವನದಲ್ಲಿ ತೋಳಿನ ಮೇಲೆ ದೋಸೆ ತಟ್ಟೆಗಳ ಗೋಪುರ ಹೊತ್ತು, ಯಾವ ಮೇಜಿಗೆ ಎಷ್ಟು ಎಂದು ತಪ್ಪದೆ ಹಂಚುವವರನ್ನು ನೋಡಲೆಂದೇ ಜನ ಹೋಗುತ್ತಾರೆ. ಆ ಜ್ಞಾಪಕಶಕ್ತಿಯೂ ಹೋಟೆಲಿನ ಬಂಡವಾಳವೇ.

ಈ ನೆನಪಿನ ವ್ಯವಸ್ಥೆಗೆ ಮೊದಲ ದೊಡ್ಡ ಪೆಟ್ಟು ಬಿದ್ದದ್ದು ಕಂಪ್ಯೂಟರಿನಿಂದಲ್ಲ, ಟೋಕನ್ನಿನಿಂದ. 1983ರಲ್ಲಿ ಆರ್. ಪ್ರಭಾಕರ್ ಅವರ ಕಲ್ಪನೆಯಲ್ಲಿ ಬೆಂಗಳೂರಿನ ಜಯನಗರದಲ್ಲಿ ಕೆಫೆ ದರ್ಶಿನಿ ಬಾಗಿಲು ತೆರೆಯಿತು. ಮೊದಲು ಹಣ, ಆಮೇಲೆ ಚೀಟಿ, ಕೊನೆಗೆ ತಿಂಡಿ. ಕೂರುವ ಕುರ್ಚಿಯಿಲ್ಲ, ಕೂಗುವ ಮಾಣಿಯಿಲ್ಲ, ಉದ್ರಿಯ ಮಾತೇ ಇಲ್ಲ. ಗಿರಾಕಿ ಯಾರೆಂದು ತಿಳಿಯುವ ಅಗತ್ಯವನ್ನೇ ದರ್ಶಿನಿ ತೆಗೆದುಹಾಕಿತು. ತಿಂಡಿ ಅಗ್ಗವಾಗಲು, ಬೇಗ ಸಿಗಲು ಅದೂ ಒಂದು ಕಾರಣ. ಆದರೂ ಸಂಜೆ ಚೀಟಿಗಳನ್ನು ಎಣಿಸುತ್ತಿದ್ದವನು ಮಾಲೀಕನೇ. ವಹಿಯಿರಲಿ, ಮಾಣಿಯಿರಲಿ, ಟೋಕನ್ನಿರಲಿ, ಲೆಕ್ಕ ಆ ನಾಲ್ಕು ಗೋಡೆಗಳ ನಡುವೆಯೇ ಉಳಿಯುತ್ತಿತ್ತು.

ಅದು ಗೋಡೆ ದಾಟಿದ್ದು ಕಳೆದ ಹತ್ತು ವರ್ಷಗಳಲ್ಲಿ. ಕ್ಯೂಆರ್ ಚೌಕ ಹುಟ್ಟಿದ್ದು ಅಡುಗೆಮನೆಗಾಗಿ ಅಲ್ಲ. ಜಪಾನಿನ ಡೆನ್ಸೊ ವೇವ್ ಎಂಬ ಕಂಪನಿ ಮೋಟಾರು ಬಿಡಿಭಾಗಗಳ ಜಾಡು ಹಿಡಿಯಲು 1994ರಲ್ಲಿ ಅದನ್ನು ರೂಪಿಸಿತು. ಭಾರತದಲ್ಲಿ ರಾಷ್ಟ್ರೀಯ ಪಾವತಿ ನಿಗಮ 2016ರ ಏಪ್ರಿಲ್‌ನಲ್ಲಿ ಯುಪಿಐ ಆರಂಭಿಸಿತು. ಅದೇ ವರ್ಷದ ನವೆಂಬರ್ 8ರ ರಾತ್ರಿ ಐನೂರು, ಸಾವಿರದ ನೋಟುಗಳು ರದ್ದಾದವು. ಚಿಲ್ಲರೆಗೆ ಪರದಾಡಿದ ಆ ವಾರಗಳು ಎಲ್ಲರಿಗೂ ನೆನಪಿರಬಹುದು. 2020ರ ಜನವರಿಯಿಂದ ಯುಪಿಐ ಪಾವತಿಗೆ ವ್ಯಾಪಾರಿಯಿಂದ ಶುಲ್ಕ ಪಡೆಯುವಂತಿಲ್ಲ ಎಂದಾಯಿತು, ಅದೇ ವರ್ಷ ಕೋವಿಡ್ ಬಂದು ನೋಟು ಮುಟ್ಟಲೂ ಜನ ಹೆದರಿದರು. ಚೌಕ ಹೋಬಳಿ ಊರುಗಳಿಗೂ ಬಂತು. ಬೆನ್ನಿಗೇ 'ಹತ್ತು ರೂಪಾಯಿ ಸ್ವೀಕರಿಸಲಾಗಿದೆ' ಎಂದು ಕನ್ನಡದಲ್ಲೇ ಕೂಗುವ ಪುಟ್ಟ ಪೆಟ್ಟಿಗೆ ಬಂತು. ಹಿಂದೆ ಮಾಣಿ ಕೂಗುತ್ತಿದ್ದುದನ್ನು ಈಗ ಅದು ಕೂಗುತ್ತದೆ. ಒಂದೇ ವ್ಯತ್ಯಾಸವೆಂದರೆ, ಏನು ತಿಂದರು ಎಂಬುದು ಅದಕ್ಕೆ ಗೊತ್ತಿಲ್ಲ, ಎಷ್ಟು ಕೊಟ್ಟರು ಎಂಬುದನ್ನು ಮಾತ್ರ ಅದು ಮರೆಯುವುದಿಲ್ಲ.

ಮನೆಗೆ ಊಟ ಮುಟ್ಟಿಸುವ ಕಂಪನಿಗಳ ಕಥೆ ಇನ್ನೂ ಒಂದು ಹೆಜ್ಜೆ ಮುಂದಿನದು. ಸ್ವಿಗ್ಗಿ 2014ರಲ್ಲಿ ಬೆಂಗಳೂರಿನಲ್ಲೇ ಹುಟ್ಟಿತು. ಜೊಮ್ಯಾಟೊ ಅದಕ್ಕೂ ಹಿಂದೆ, 2008ರಲ್ಲಿ, ದೆಹಲಿಯಲ್ಲಿ ಬೇರೆ ಹೆಸರಿನಿಂದ ಶುರುವಾಗಿತ್ತು. ಗಿರಾಕಿಯ ಬೇಡಿಕೆ ಮೊದಲು ಕಂಪನಿಗೆ ಹೋಗುತ್ತದೆ, ಅಲ್ಲಿಂದ ಹೋಟೆಲಿನ ಪರದೆಗೆ ಬರುತ್ತದೆ. ಸವಾರ ಬಂದು ಪೊಟ್ಟಣ ಒಯ್ಯುತ್ತಾನೆ. ಹಣ ಕಂಪನಿಗೆ ಸೇರಿ, ಕಮಿಷನ್ ಕಳೆದು, ಆಮೇಲೆ ಹೋಟೆಲಿನ ಬ್ಯಾಂಕ್ ಖಾತೆಗೆ ಬರುತ್ತದೆ. ಕಮಿಷನ್ ಬಿಲ್ಲಿನ ಕಾಲು ಭಾಗದವರೆಗೂ ಹೋಗುತ್ತದೆ ಎಂಬುದು ಹೋಟೆಲಿನವರ ಬಹುದಿನದ ದೂರು. ಅದಕ್ಕಿಂತ ಕಡಿಮೆ ಚರ್ಚೆಯಾದ, ಆದರೆ ಇತಿಹಾಸದ ದೃಷ್ಟಿಯಿಂದ ಹೆಚ್ಚು ಮುಖ್ಯವಾದ ದೂರು ಇನ್ನೊಂದಿದೆ. ಉಂಡವರು ಯಾರು, ಅವರ ನಂಬರು ಯಾವುದು, ಹೋದ ವಾರ ಏನು ತರಿಸಿಕೊಂಡರು ಎಂಬ ವಿವರ ಕಂಪನಿಯ ಬಳಿ ಉಳಿಯುತ್ತದೆ, ಅಡುಗೆ ಮಾಡಿದವನಿಗೆ ಸಿಗುವುದಿಲ್ಲ. ರೆಸ್ಟೋರೆಂಟ್ ಮಾಲೀಕರ ರಾಷ್ಟ್ರೀಯ ಸಂಘ ಇಂಥ ಹಲವು ಆಕ್ಷೇಪಗಳನ್ನು ಭಾರತೀಯ ಸ್ಪರ್ಧಾ ಆಯೋಗದ ಮುಂದಿಟ್ಟಿತು. ಅವುಗಳಲ್ಲಿ ಕೆಲವು ಅಂಶಗಳ ಬಗ್ಗೆ ಆಯೋಗ 2022ರ ಏಪ್ರಿಲ್‌ನಲ್ಲಿ ತನಿಖೆಗೆ ಆದೇಶಿಸಿತು. ಕೆಂಪು ವಹಿಯ ಹೆಸರಿನ ಪುಟ ಈಗಲೂ ಇದೆ, ಖಾನಾವಳಿಯಲ್ಲಿ ಇಲ್ಲ ಅಷ್ಟೆ. ಪೊಟ್ಟಣ ಒಯ್ಯುವ ಸವಾರನ ಪಾಡೂ ಹಾಗೆಯೇ. ಅವನ ದುಡಿಮೆಯ ಲೆಕ್ಕ ಅವನ ಕೈಯಲ್ಲಿಲ್ಲ. ಅಂಥವರ ಕಲ್ಯಾಣ ನಿಧಿಗಾಗಿ ಕಂಪನಿಗಳಿಂದ ಶುಲ್ಕ ಪಡೆಯುವ ಕಾನೂನನ್ನು ಕರ್ನಾಟಕ 2025ರಲ್ಲಿ ಮಾಡಿತು.

ಹಾಗೆಂದು ಈ ಬದಲಾವಣೆಯಲ್ಲಿ ಕಳೆದುಕೊಂಡದ್ದೇ ಹೆಚ್ಚೆಂದು ಹೇಳಲಾಗದು. ಕಲಬುರಗಿಯ ರೊಟ್ಟಿಯನ್ನೇ ನೋಡಬಹುದು. ಗರಿಗರಿ ದೋಸೆ ಅರ್ಧ ಗಂಟೆ ಪೊಟ್ಟಣದಲ್ಲಿದ್ದರೆ ಮೆತ್ತಗಾಗುತ್ತದೆ. ಖಡಕ್ ರೊಟ್ಟಿ ಹಾಗಲ್ಲ. ಬಿಸಿನೀರಿನಲ್ಲಿ ಹಿಟ್ಟು ನಾದಿ, ತೆಳ್ಳಗೆ ಬಡಿದು, ಹಂಚಿನ ಮೇಲೆ ಸುಟ್ಟು ಒಣಗಿಸಿದರೆ ದಿನಗಟ್ಟಲೆ ಕೆಡದು. ಜಾತ್ರೆಗೆ, ದೂರದ ಪ್ರಯಾಣಕ್ಕೆ ಈ ಸೀಮೆಯ ಜನ ಅದನ್ನೇ ಬುತ್ತಿ ಕಟ್ಟಿಕೊಂಡು ಹೋಗುತ್ತಿದ್ದರು. ಫೋನಿನಲ್ಲಿ ಬೇಡಿಕೆ ಪಡೆದು ದೂರದ ಊರಿಗೆ ಕಳಿಸುವ ವ್ಯಾಪಾರಕ್ಕೆ ಹೇಳಿ ಮಾಡಿಸಿದ ತಿನಿಸು ಅದು. ಕಲಬುರಗಿಯಲ್ಲಿ ಮಹಿಳೆಯರು ಸಹಕಾರ ಸಂಘ ಕಟ್ಟಿ ಜೋಳದ ರೊಟ್ಟಿಯನ್ನು 'ಕಲಬುರಗಿ ರೊಟ್ಟಿ' ಎಂಬ ಹೆಸರಿನಲ್ಲೇ ಮಾರುತ್ತಿದ್ದಾರೆ. 2025ರ ಜೂನ್ 29ರ 'ಮನ್ ಕಿ ಬಾತ್' ಭಾಷಣದಲ್ಲಿ ಪ್ರಧಾನಿ ಇದನ್ನು ಪ್ರಸ್ತಾಪಿಸಿದರು. ದಿನಕ್ಕೆ ಮೂರು ಸಾವಿರಕ್ಕೂ ಹೆಚ್ಚು ರೊಟ್ಟಿ ತಯಾರಾಗುತ್ತಿದೆ, ಬೆಂಗಳೂರಿನಲ್ಲಿ ಮಳಿಗೆ ತೆರೆದಿದೆ, ಆನ್‌ಲೈನ್ ಮೂಲಕವೂ ಬೇಡಿಕೆ ಬರುತ್ತಿದೆ ಎಂಬುದು ಅವರು ಕೊಟ್ಟ ವಿವರ. ಮನೆಯೊಳಗೆ ರೊಟ್ಟಿ ಬಡಿಯುವ ಕೆಲಸಕ್ಕೆ ತಲೆಮಾರುಗಳಿಂದ ಯಾರೂ ಲೆಕ್ಕ ಇಟ್ಟಿರಲಿಲ್ಲ. ಈಗ ಎಷ್ಟು ರೊಟ್ಟಿ, ಎಷ್ಟು ಹಣ ಎಂಬುದು ಆ ಹೆಂಗಸಿನ ಹೆಸರಿನಲ್ಲೇ ದಾಖಲಾದರೆ ಅದು ಸಣ್ಣ ಬದಲಾವಣೆಯಲ್ಲ.

ಸಾಲದ ವಿಷಯದಲ್ಲೂ ಹೀಗೆಯೇ. 2020ರ ಜೂನ್‌ನಲ್ಲಿ ಬಂದ ಪ್ರಧಾನಮಂತ್ರಿ ಸ್ವನಿಧಿ ಯೋಜನೆ ಪಟ್ಟಣದ ಬೀದಿ ವ್ಯಾಪಾರಿಗಳಿಗೆ ಜಾಮೀನಿಲ್ಲದೆ ಮೊದಲು 10,000 ರೂಪಾಯಿ ಸಾಲ ಕೊಟ್ಟಿತು. ಡಿಜಿಟಲ್ ಪಾವತಿ ಪಡೆದವರಿಗೆ ಸ್ವಲ್ಪ ಹಣ ಮರಳಿ ಕೊಡುವ ಆಸೆಯನ್ನೂ ತೋರಿಸಿತು. ಕಾಗದಪತ್ರವೇ ಇಲ್ಲದ ಮಿರ್ಚಿಯಂಗಡಿಯವನಿಗೆ ಫೋನಿನ ಜಮಾ ವಿವರವೇ ಆಧಾರವಾಯಿತು. ಫೋನಿನಲ್ಲಿ ಹಣ ಪಡೆಯಿರಿ ಎಂದು ವರ್ಷಗಟ್ಟಲೆ ಹೇಳಿಸಿಕೊಂಡ ಸಣ್ಣ ವ್ಯಾಪಾರಿಗೆ ಅಂಥದೇ ಜಮಾ ವಿವರ 2025ರ ಜುಲೈನಲ್ಲಿ ನೋಟಿಸಾಗಿ ಬಂದದ್ದೇ ಸಿಟ್ಟಿನ ಮೂಲ. ಕೆಂಪು ವಹಿಯಲ್ಲಿ ಕೈಗಡ ಬೇರೆ, ವ್ಯಾಪಾರ ಬೇರೆ. ಫೋನಿನ ಖಾತೆಯಲ್ಲಿ ತಮ್ಮ ಕಳಿಸಿದ ಹಣ, ಗೆಳೆಯ ತೀರಿಸಿದ ಕೈಗಡ, ಊಟದ ಬಿಲ್ಲು ಎಲ್ಲ ಒಂದೇ ಸಾಲಿನಲ್ಲಿ ನಿಲ್ಲುತ್ತವೆ. ಬೇಕರಿ, ಚಹಾ ಅಂಗಡಿಯವರು ಹಾಲಿನ ಚಹಾ-ಕಾಫಿ ಮಾರದೆ ಪ್ರತಿಭಟಿಸಿದರು. ಜುಲೈ 25ಕ್ಕೆ ಬಂದ್ ಕರೆಯಿತ್ತು. ಜುಲೈ 23ರಂದು ಮುಖ್ಯಮಂತ್ರಿ ಸಿದ್ದರಾಮಯ್ಯ ವ್ಯಾಪಾರಿಗಳ ಸಭೆ ನಡೆಸಿ, ಇನ್ನು ಮುಂದೆ ನೋಂದಣಿ ಮಾಡಿಸಿಕೊಂಡರೆ ಹಳೆಯ ಬಾಕಿಗೆ ಒತ್ತಾಯಿಸುವುದಿಲ್ಲ, ಹಾಲು-ತರಕಾರಿಯಂಥ ವಿನಾಯಿತಿಯ ಸರಕಿಗೆ ತೆರಿಗೆಯಿಲ್ಲ ಎಂದರು. ಬಂದ್ ಕರೆ ಹಿಂದೆ ಸರಿಯಿತು. ಇಲಾಖೆಯ ಕಡೆಗೂ ನ್ಯಾಯವಿದೆ. ಮಿತಿ ದಾಟಿದ ಅಂಗಡಿ ತೆರಿಗೆ ಕಟ್ಟದಿದ್ದರೆ, ಕಟ್ಟುವ ಪಕ್ಕದ ಹೋಟೆಲಿಗೆ ಅದು ನಷ್ಟ. ಆದರೆ ಕಾನೂನನ್ನು ಮೊದಲು ತಿಳಿಸಿ ಆಮೇಲೆ ನೋಟಿಸು ಕಳಿಸಬಹುದಿತ್ತು.

ಆ ವರ್ಷದ ಸೆಪ್ಟೆಂಬರ್ 22ರಿಂದ ರೊಟ್ಟಿ-ಚಪಾತಿಗಳ ಮೇಲಿನ ಜಿಎಸ್‌ಟಿ ಶೂನ್ಯಕ್ಕಿಳಿಯಿತು. ಅಂಗಡಿಯಲ್ಲಿ ಸರಕಾಗಿ ಕೊಂಡರೆ ರೊಟ್ಟಿಗೆ ತೆರಿಗೆಯಿಲ್ಲ. ನೋಂದಾಯಿತ ಖಾನಾವಳಿಯಲ್ಲಿ ಪಲ್ಯದ ಜತೆ ತಟ್ಟೆಗೆ ಬಂದರೆ ಅದು ಸೇವೆಯಾಗುತ್ತದೆ, ಶೇಕಡಾ 5. ಇಂಥ ಸೂಕ್ಷ್ಮಗಳನ್ನು ಖಾನಾವಳಿಯ ಅಜ್ಜಿಗೆ ಬಿಡಿಸಿ ಹೇಳುವವರು ಯಾರೋ!

2025ರ ಮಾರ್ಚ್ 26ರಂದು, ಮತ್ತೆ ಏಪ್ರಿಲ್ 12ರಂದು ಯುಪಿಐ ವ್ಯವಸ್ಥೆ ದೇಶದಾದ್ಯಂತ ಕೆಲವು ಗಂಟೆ ಕೈಕೊಟ್ಟಿತು. ಉಂಡು ಎದ್ದವರ ಫೋನಿನಲ್ಲಿ ಚಕ್ರ ಸುತ್ತುತ್ತಲೇ ಇತ್ತು, ಜೇಬಿನಲ್ಲಿ ನೋಟಿರಲಿಲ್ಲ. ಇಂಥ ಹೊತ್ತಿನಲ್ಲಿ ಕಲಬುರಗಿ ಕಡೆಯ ಊರಿನಲ್ಲಿ ಗುರುತಿನ ಗಿರಾಕಿಗೆ ಗಲ್ಲಾದಿಂದ ಬರುವ ಉತ್ತರ ಹಳೆಯದೇ: 'ಇರ್ಲಿ ಬಿಡ್ರಿ, ನಾಳಿ ಕೊಡ್ರಿ.' ಹೆಸರು ಬರೆದುಕೊಳ್ಳಲು ಹುಡುಕಿದರೆ, ಗಲ್ಲಾದ ಅಡಿಯಲ್ಲಿ ಒಂದು ವಹಿ ಸಿಕ್ಕೀತು.