ಯಾವ ಮನೆಯ ಅಣ್ಣ?

ಹತ್ತನೇ ತರಗತಿಯ ಕಂಪ್ಯೂಟರ್ ಪೀರಿಯಡ್. ನಮ್ಮ ಹುಡುಗನೊಬ್ಬ ಪೈಥಾನಿನಲ್ಲಿ 'ಅಂಕ' ಎಂಬ ವೇರಿಯೇಬಲ್ಲಿಗೆ 10 ಕೊಟ್ಟಿದ್ದ. 2008ರಲ್ಲಿ ಬಂದ ಪೈಥಾನ್ 3ರಿಂದ ಹೀಗೆ ಕನ್ನಡ ಲಿಪಿಯಲ್ಲೇ ಹೆಸರಿಡಬಹುದು. ನಮಗಂತೂ ಅದೇ ದೊಡ್ಡ ಸಂತೋಷ. ಕೆಳಗೆ ಒಂದು ಫಂಕ್ಷನ್ ಬರೆದು, ಅದರೊಳಗೆ ಅಂಕವನ್ನು 15 ಮಾಡಿದ. ಫಂಕ್ಷನನ್ನು ಕರೆದು ಪ್ರಿಂಟ್ ಮಾಡಿದರೆ ಬಂದದ್ದು 10.

"ಬದಲಾಯಿಸಿದೆನಲ್ಲ ಸರ್, ಯಾಕೆ ಬದಲಾಗಲಿಲ್ಲ?"

"ಬೇರೆ ಹೆಸರು ಕೊಡು ಮಾರಾಯ" ಎಂದು ಆ ದಿನ ಜಾರಿಕೊಂಡೆವು. ಸಂಜೆ ಮನೆಯಲ್ಲಿ ಕುಳಿತಾಗ ನಾಚಿಕೆಯಾಯಿತು. ಹುಡುಕುತ್ತಾ ಹೋದರೆ, ಇದೇ ಪ್ರಶ್ನೆ ಭಾಷೆಗಳನ್ನು ಕಟ್ಟಿದವರನ್ನೂ ಕಾಡಿತ್ತು!

1949ರಲ್ಲಿ ಕೇಂಬ್ರಿಜ್‌ನಲ್ಲಿ ಎಡ್‌ಸ್ಯಾಕ್ ಯಂತ್ರ ಕೆಲಸ ಶುರುಮಾಡಿದಾಗ ಇದ್ದ ಚಿಂತೆಯೇ ಬೇರೆ. ಒಂದು ತುಂಡು ಪ್ರೋಗ್ರಾಮನ್ನು ಹಲವು ಕಡೆಯಿಂದ ಕರೆದರೆ, ಮುಗಿದ ಮೇಲೆ ಅದು ಎಲ್ಲಿಗೆ ಮರಳಬೇಕು? ಕರೆಯುವಾಗಲೇ ತಾನಿರುವ ಜಾಗದ ವಿಳಾಸ ಕೊಟ್ಟುಬಿಡುವ ಉಪಾಯವನ್ನು ಡೇವಿಡ್ ವೀಲರ್ ಕಂಡುಹಿಡಿದರು. ಇಂದಿನ ಫಂಕ್ಷನ್ನಿನ ಮೂಲ ಇಲ್ಲಿದೆ. 1958ರ ಫೋರ್ಟ್ರಾನ್ 2ರಲ್ಲಿ ಪ್ರತಿ ಸಬ್‌ರೂಟೀನಿಗೂ ಅದರದೇ ಹೆಸರುಗಳು ಬಂದವು. ಹಂಚಿಕೊಳ್ಳಬೇಕಾದ್ದನ್ನು 'ಕಾಮನ್' ಎಂದು ಸಾರಿ ಹೇಳಬೇಕಿತ್ತು. 1960ರ ಆಲ್ಗಾಲ್ ಇನ್ನೂ ಮುಂದೆ ಹೋಗಿ, 'ಬಿಗಿನ್' ಮತ್ತು 'ಎಂಡ್'ಗಳ ನಡುವೆ ಹುಟ್ಟಿದ ಹೆಸರು ಅಲ್ಲಿಗೇ ಸೀಮಿತ ಎಂದಿತು.

ಲಿಸ್ಪ್ ಮಾತ್ರ ಬೇರೆ ದಾರಿ ಹಿಡಿಯಿತು. ಇದನ್ನು ಮಕ್ಕಳಿಗೆ ಹೀಗೆ ಹೇಳಬಹುದು. ನಮ್ಮ ಮನೆಯಲ್ಲಿ 'ಅಣ್ಣ' ಎಂದರೆ ಒಬ್ಬರು, ಪಕ್ಕದ ಮನೆಯಲ್ಲಿ ಇನ್ನೊಬ್ಬರು. ನಾವು ಬರೆದ ಚೀಟಿಯಲ್ಲಿ "ಅಣ್ಣನಿಗೆ ಕೊಡಿ" ಎಂದಿದೆ, ಚೀಟಿಯನ್ನು ಓದುತ್ತಿರುವುದು ಪಕ್ಕದ ಮನೆಯಲ್ಲಿ. ಯಾವ ಅಣ್ಣ? ಬರೆದ ಮನೆಯ ಅಣ್ಣ ಎನ್ನುತ್ತದೆ ಆಲ್ಗಾಲ್. ಓದುವ ಮನೆಯ ಅಣ್ಣ ಎಂದಿತು ಅಂದಿನ ಲಿಸ್ಪ್. ಒಂದು ಫಂಕ್ಷನನ್ನು ಇನ್ನೊಂದಕ್ಕೆ ಕಳಿಸಿಕೊಟ್ಟಾಗ ಲೆಕ್ಕ ತಪ್ಪತೊಡಗಿತು. ಇದೊಂದು ಸಣ್ಣ ದೋಷ, ಸ್ಟೀವ್ ರಸೆಲ್ ಬೇಗ ಸರಿಮಾಡುತ್ತಾರೆ ಎಂದುಕೊಂಡಿದ್ದೆ ಎಂದು ಲಿಸ್ಪ್‌ನ ಜನಕ ಜಾನ್ ಮೆಕಾರ್ಥಿಯವರೇ ಮುಂದೆ ಒಪ್ಪಿಕೊಂಡರು. ಅದು ಸಣ್ಣದಾಗಿರಲಿಲ್ಲ. 1975ರಲ್ಲಿ ಸಸ್‌ಮನ್ ಮತ್ತು ಸ್ಟೀಲ್ ಲಿಸ್ಪ್ ಕುಟುಂಬದ 'ಸ್ಕೀಮ್' ಭಾಷೆಗೆ ಆಲ್ಗಾಲ್‌ನ ನಿಯಮವನ್ನೇ ತಂದರು.

1991ರಲ್ಲಿ ಹೊರಬಂದ ಪೈಥಾನ್ ಕೂಡ ಒಂದೇಟಿಗೆ ಸರಿಹೋಗಲಿಲ್ಲ. ಫಂಕ್ಷನ್ನಿನೊಳಗಿನ ಫಂಕ್ಷನ್‌ಗೆ ಹೊರಗಿನ ಫಂಕ್ಷನ್ನಿನ ಹೆಸರುಗಳು ಕಾಣತೊಡಗಿದ್ದು 2001ರಲ್ಲಿ. ಜಾವಾಸ್ಕ್ರಿಪ್ಟಿಗೆ 'ಲೆಟ್' ಸೇರಿದ್ದಂತೂ 2015ರಲ್ಲಿ.

ಮರುದಿನ ಹುಡುಗನನ್ನು ಕರೆದು ಚೀಟಿಯ ಕತೆ ಹೇಳಿದೆವು. ಅವನ ಫಂಕ್ಷನ್ನಿನ ಒಳಗಿದ್ದ ಅಂಕ ಒಳಮನೆಯ ಅಂಕ, ಹೊರಗಿನದ್ದಕ್ಕೆ ಅದು ತಾಗಿರಲೇ ಇಲ್ಲ. 'ಗ್ಲೋಬಲ್' ಎಂದು ಸೇರಿಸಿದ, 15 ಬಂತು. ನಾವು ಅದನ್ನು ಅಳಿಸಿ, 'ರಿಟರ್ನ್' ಬಳಸಿ ಬರೆಯಲು ಹೇಳಿದೆವು. ಸ್ವಲ್ಪ ಹೊತ್ತು ಸ್ಕ್ರೀನ್ ನೋಡಿ, "ಹಾಗಾದರೆ ನಿನ್ನೆ ನನ್ನದು ತಪ್ಪಾಗಿರಲಿಲ್ಲವಾ ಸರ್?" ಎಂದ.

ಇರಲಿಲ್ಲ ಎಂದೆವು.