ಕಾಡಂಚಿನಲ್ಲಿ ಮಂಗ ಸತ್ತು ಬಿದ್ದಿದ್ದರೆ ಏನು ಮಾಡಬೇಕು? ಮಂಗನ ಕಾಯಿಲೆ: ಸುಳ್ಳು ಯಾವುದು, ನಿಜ ಯಾವುದು

ಪ್ರತಿವರ್ಷ ಡಿಸೆಂಬರ್, ಜನವರಿ ಬಂತೆಂದರೆ ಮಲೆನಾಡಿನ ವಾಟ್ಸಾಪ್ ಗುಂಪುಗಳಲ್ಲಿ ಸತ್ತ ಮಂಗನ ಫೋಟೋಗಳು ಹರಿದಾಡತೊಡಗುತ್ತವೆ. ಜೊತೆಗೆ ಒಂದಿಷ್ಟು ಬರಹವೂ ಇರುತ್ತದೆ. ‘ಮಂಗಗಳಿಂದಲೇ ರೋಗ, ಊರಿನಿಂದ ಓಡಿಸಿ’ ಎನ್ನುತ್ತದೆ ಒಂದು. ‘ಸತ್ತ ಮಂಗನನ್ನು ಕೂಡಲೇ ಹೂತುಬಿಡಿ’ ಎನ್ನುತ್ತದೆ ಇನ್ನೊಂದು. ಇಂತಹ ಸಂದೇಶಗಳಲ್ಲಿ ಎಷ್ಟು ನಿಜ ಎಂದು ಈ ಲೇಖನದಲ್ಲಿ ನೋಡೋಣ.

ಮೊದಲೇ ಒಂದು ಮಾತು ಹೇಳಿಬಿಡುತ್ತೇವೆ. ಸತ್ತ ಮಂಗನ ಫೋಟೋವನ್ನು ನೂರು ಜನರಿಗೆ ಕಳಿಸುವುದಕ್ಕಿಂತ, ಆ ಸುದ್ದಿಯನ್ನು ಸರಿಯಾದ ಒಬ್ಬರಿಗೆ ಮುಟ್ಟಿಸುವುದರಿಂದ ಜೀವ ಉಳಿಯುತ್ತದೆ.

ಏನಿದು ಮಂಗನ ಕಾಯಿಲೆ?

ಇದರ ಪೂರ್ತಿ ಹೆಸರು ಕ್ಯಾಸನೂರು ಅರಣ್ಯ ಕಾಯಿಲೆ, ಅಂದರೆ ಕೆಎಫ್‌ಡಿ. 1957ರಲ್ಲಿ ಶಿವಮೊಗ್ಗ ಜಿಲ್ಲೆಯ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನ ಸುತ್ತಮುತ್ತ ಮಂಗಗಳು ಸಾಲುಸಾಲಾಗಿ ಸತ್ತವು, ಜನರಿಗೂ ತೀವ್ರ ಜ್ವರ ಬಂತು. ಅಮೆರಿಕ ಖಂಡದಲ್ಲಿ ಮಂಗಗಳನ್ನು ಕೊಲ್ಲುವ ಹಳದಿ ಜ್ವರವೇ ಭಾರತಕ್ಕೂ ಬಂತೇ ಎಂದು ವಿಜ್ಞಾನಿಗಳು ಮೊದಲು ಶಂಕಿಸಿದರು. ಪುಣೆಯ ವೈರಸ್ ಸಂಶೋಧನಾ ಕೇಂದ್ರದ ತಂಡ ಪರೀಕ್ಷಿಸಿದಾಗ ಸಿಕ್ಕಿದ್ದು ಅದುವರೆಗೆ ಯಾರಿಗೂ ಗೊತ್ತಿರದ ವೈರಸ್. ಅದೇ ಕೇಂದ್ರ ಇಂದು ರಾಷ್ಟ್ರೀಯ ವೈರಾಣು ಸಂಸ್ಥೆಯಾಗಿದೆ.

ಈ ವೈರಸ್‌ ಅನ್ನು ಹರಡುವುದು ಕಾಡಿನ ಉಣುಗು, ಅಂದರೆ ಉಣ್ಣೆ. ಇಲಿ, ಸುಂಡಿಲಿಗಳಂತಹ ಸಣ್ಣ ಪ್ರಾಣಿಗಳಲ್ಲೂ ಉಣುಗುಗಳಲ್ಲೂ ವೈರಸ್ ಸದ್ದಿಲ್ಲದೆ ಸುತ್ತುತ್ತಿರುತ್ತದೆ. ಒಮ್ಮೆ ಸೋಂಕು ತಗುಲಿದ ಉಣುಗು ಬದುಕಿರುವಷ್ಟು ಕಾಲ ಅದನ್ನು ಹೊತ್ತಿರುತ್ತದೆ. ಮಳೆಗಾಲ ಕಳೆದು ತರಗೆಲೆ ಒಣಗುವ ತಿಂಗಳುಗಳಲ್ಲಿ ಎಳೆಯ ಉಣುಗುಗಳು ಹೆಚ್ಚುತ್ತವೆ. ಆದ್ದರಿಂದಲೇ ಡಿಸೆಂಬರ್‌ನಿಂದ ಮೇವರೆಗೆ ಕಾಯಿಲೆ ಜಾಸ್ತಿ. ಸೊಪ್ಪು, ತರಗೆಲೆ, ಸೌದೆ ತರಲು ಜನ ಕಾಡಿಗೆ ಹೋಗುವುದೂ ಅದೇ ಕಾಲದಲ್ಲಿ.

ಮಂಗನ ಸಾವು ಏಕೆ ಮುಖ್ಯ?

ಕೆಂಪು ಮೂತಿಯ ಮಂಗ ಮತ್ತು ಕಪ್ಪು ಮುಖದ ಮುಸಿಯ ಎರಡಕ್ಕೂ ಈ ವೈರಸ್ ಮಾರಕ. ಸೋಂಕಾದ ಮಂಗ ಸಾಯುತ್ತದೆ. ಅದರ ಮೈ ತಣ್ಣಗಾಗುತ್ತಲೇ ರಕ್ತ ಹೀರುತ್ತಿದ್ದ ಉಣುಗುಗಳು ಕೆಳಗಿಳಿದು ಸುತ್ತಲಿನ ಎಲೆಗಳಲ್ಲಿ ಸೇರಿಕೊಂಡು ಮುಂದಿನ ಪ್ರಾಣಿಗೆ ಕಾಯುತ್ತವೆ. ಆ ಜಾಗವನ್ನು ಸೋಂಕಿನ ತಾಣ ಎಂದೇ ಕರೆಯಬಹುದು.

ಅಂದರೆ ಮಂಗನ ಸಾವು ಒಂದು ಎಚ್ಚರಿಕೆಯ ಗಂಟೆ. ಊರಿನಲ್ಲಿ ಜ್ವರ ಕಾಣಿಸುವ ಮೊದಲೇ ಕಾಡಿನಲ್ಲಿ ಮಂಗ ಸಾಯುವುದುಂಟು. ಅದಕ್ಕಾಗಿಯೇ ಅರಣ್ಯ, ಪಶುಪಾಲನೆ ಮತ್ತು ಆರೋಗ್ಯ ಇಲಾಖೆಗಳು ಸೇರಿ ಮಂಗಗಳ ಸಾವಿನ ಮೇಲೆ ಕಣ್ಣಿಡುತ್ತವೆ. ಸುದ್ದಿ ಬಂದ ಮೇಲೆ ಪಶುವೈದ್ಯರು ಸುರಕ್ಷಾ ಉಡುಪು ತೊಟ್ಟು ಮರಣೋತ್ತರ ಪರೀಕ್ಷೆ ಮಾಡಿ ಅಂಗಾಂಗದ ಮಾದರಿಗಳನ್ನು ಪ್ರಯೋಗಾಲಯಕ್ಕೆ ಕಳಿಸುತ್ತಾರೆ. ದೇಹವನ್ನು ಸುಡುತ್ತಾರೆ. ಸುತ್ತ ಕೀಟನಾಶಕ ಪುಡಿ ಎರಚುತ್ತಾರೆ. ಆ ಭಾಗದ ಕಾಡಿಗೆ ಹೋಗಬೇಡಿ ಎಂದು ಊರಿನವರಿಗೆ ತಿಳಿಸುತ್ತಾರೆ. ದೇಹ ಕೊಳೆತರೆ ಪರೀಕ್ಷೆ ಕಷ್ಟ, ಆದ್ದರಿಂದ ಸುದ್ದಿ ಬೇಗ ಮುಟ್ಟಬೇಕು.

ಸತ್ತ ಎಲ್ಲ ಮಂಗಗಳಿಗೂ ಕೆಎಫ್‌ಡಿ ಇರುವುದಿಲ್ಲ. ಕರೆಂಟ್ ತಂತಿ ತಗುಲಿ, ವಾಹನ ಬಡಿದು, ನಾಯಿ ಕಚ್ಚಿಯೂ ಸಾಯುತ್ತವೆ. ಯಾವುದು ಎಂದು ಫೋಟೋ ನೋಡಿ ಹೇಳಲಾಗದು, ಪರೀಕ್ಷೆಯೇ ಹೇಳಬೇಕು.

ಫಾರ್ವರ್ಡ್‌ಗಳಲ್ಲಿ ಬರುವ ಮಾತುಗಳು

‘ಮಂಗಗಳನ್ನು ಓಡಿಸಿದರೆ, ಕೊಂದರೆ ಕಾಯಿಲೆ ಹೋಗುತ್ತದೆ.’
ಸುಳ್ಳು. ಓಡಿಸಿದ ಮಂಗ ತನ್ನ ಮೈಮೇಲಿನ ಉಣುಗನ್ನು ಇನ್ನೊಂದು ಕಡೆಗೆ ಒಯ್ಯುತ್ತದೆ. ಕೊಂದರೆ ಉಣುಗು ಅಲ್ಲೇ ಉದುರುತ್ತದೆ, ಎಚ್ಚರಿಕೆಯ ಗಂಟೆಯೂ ಇಲ್ಲವಾಗುತ್ತದೆ. 2017ರ ಸುಮಾರಿಗೆ ಬ್ರೆಜಿಲ್‌ನಲ್ಲಿ ಹಳದಿ ಜ್ವರ ಹೆಚ್ಚಿದಾಗ ಜನ ಹೆದರಿ ಮಂಗಗಳನ್ನು ಕೊಂದರು. ಅಲ್ಲಿ ಆ ರೋಗ ಹರಡುವುದು ಸೊಳ್ಳೆಯಿಂದ. ‘ಮಂಗ ಅಪರಾಧಿಯಲ್ಲ, ನಮ್ಮಂತೆಯೇ ರೋಗಕ್ಕೆ ಬಲಿಯಾಗುವ ಜೀವಿ’ ಎಂದು ಅಲ್ಲಿನ ಆರೋಗ್ಯಾಧಿಕಾರಿಗಳು ತಿಳಿಹೇಳಬೇಕಾಯಿತು. ನಮ್ಮಲ್ಲೂ ಮಾತು ಅದೇ.

‘ಸತ್ತ ಮಂಗನನ್ನು ಪೂಜೆ ಮಾಡಿ ಹೂಳಬೇಕು.’
ಹನುಮಂತನ ರೂಪವೆಂದು ಮಂಗನಿಗೆ ಹೂವು, ಅರಿಶಿನ ಹಾಕಿ ಮಣ್ಣು ಮಾಡುವ ಪದ್ಧತಿ ಹಲವು ಊರುಗಳಲ್ಲಿದೆ. ಆ ಭಕ್ತಿಯನ್ನು ನಾವು ಗೌರವಿಸುತ್ತೇವೆ. ಆದರೆ ಕೈಯಿಂದ ಎತ್ತುವುದು, ಹೊತ್ತು ತಿರುಗುವುದು ಅಪಾಯ. 2012ರ ಕೊನೆಯಲ್ಲಿ ಬಂಡೀಪುರದಲ್ಲಿ ಸತ್ತ ಮಂಗಗಳ ವಿಲೇವಾರಿಯಲ್ಲಿ ತೊಡಗಿದ್ದವರಿಗೇ ಸೋಂಕು ತಗುಲಿತ್ತು. ದೂರದಿಂದ ಕೈಮುಗಿದರೆ ಸಾಕು.

‘ಮಂಗನ ಕಾಯಿಲೆಯೂ ಮಂಕಿಪಾಕ್ಸ್ ಕೂಡ ಒಂದೇ.’
ಸುಳ್ಳು. ವೈರಸ್ ಬೇರೆ, ಹರಡುವ ಬಗೆಯೂ ಬೇರೆ. ಮಂಕಿಪಾಕ್ಸ್ ಮನುಷ್ಯರಿಂದ ಮನುಷ್ಯರಿಗೆ ಹರಡುತ್ತದೆ. ಮಂಗನ ಕಾಯಿಲೆ ಹಾಗೆ ಹರಡಿದ್ದು ಕಂಡುಬಂದಿಲ್ಲ. ಈ ಜ್ವರ ಬಂದವರನ್ನು ದೂರವಿಡುವ ಅಗತ್ಯವಿಲ್ಲ.

‘ಇದು ಶಿವಮೊಗ್ಗದವರ ಕಾಯಿಲೆ, ನಮಗೇನು?’
ಈಗ ಹಾಗಿಲ್ಲ. ಕಳೆದ ದಶಕದಲ್ಲಿ ಕೇರಳದ ವಯನಾಡು, ಗೋವಾ, ಮಹಾರಾಷ್ಟ್ರದ ಸಿಂಧುದುರ್ಗದಲ್ಲೂ ಇದು ಕಾಣಿಸಿಕೊಂಡಿದೆ. ಪಶ್ಚಿಮ ಘಟ್ಟದ ಕಾಡಂಚಿನವರೆಲ್ಲರೂ ಎಚ್ಚರದಿಂದಿರಬೇಕು.

‘ಕಚ್ಚಿದ ಉಣುಗಿಗೆ ಸೀಮೆಎಣ್ಣೆ ಹಾಕಿ, ಬೆಂಕಿಕಡ್ಡಿ ತಾಗಿಸಿ.’
ಬೇಡ. ಚಿಮುಟದಿಂದ ಚರ್ಮಕ್ಕೆ ತೀರಾ ಹತ್ತಿರ ಹಿಡಿದು ನೇರವಾಗಿ ಎಳೆದು ತೆಗೆಯಿರಿ. ಬೆರಳಿನಿಂದ ಹೊಸಕಬೇಡಿ. ಆಮೇಲೆ ಆ ಜಾಗವನ್ನೂ ಕೈಯನ್ನೂ ಸೋಪಿನಿಂದ ತೊಳೆಯಿರಿ.

ಸತ್ತ ಅಥವಾ ಕಾಯಿಲೆ ಬಿದ್ದ ಮಂಗ ಕಂಡರೆ

1. ಹತ್ತಿರ ಹೋಗಬೇಡಿ, ಮುಟ್ಟಬೇಡಿ. ಫೋಟೋಕ್ಕಾಗಿಯೂ ಬೇಡ.
2. ಮಕ್ಕಳು, ನಾಯಿ, ದನಗಳು ಅತ್ತ ಹೋಗದಂತೆ ನೋಡಿಕೊಳ್ಳಿ. ಉಣುಗು ದನಗಳ ಮೈಮೇಲೆ ಕೊಟ್ಟಿಗೆಯವರೆಗೂ ಬರಬಲ್ಲದು.
3. ಹತ್ತಿರದ ಅರಣ್ಯ ಕಚೇರಿ, ಗ್ರಾಮ ಪಂಚಾಯಿತಿ, ಪ್ರಾಥಮಿಕ ಆರೋಗ್ಯ ಕೇಂದ್ರ ಅಥವಾ ಆಶಾ ಕಾರ್ಯಕರ್ತೆಗೆ ಕೂಡಲೇ ತಿಳಿಸಿ.
4. ಜಾಗವನ್ನು ಸರಿಯಾಗಿ ಹೇಳಿ: ಯಾವ ಊರು, ಯಾರ ತೋಟದ ಹತ್ತಿರ, ಯಾವ ದಾರಿ.
5. ಆ ಜಾಗದಿಂದ ಸೊಪ್ಪು, ತರಗೆಲೆ ತರಬೇಡಿ.

ಕಾಡಿಗೆ ಹೋಗಲೇಬೇಕಾದರೆ ಮೈತುಂಬ ಬಟ್ಟೆ ತೊಡಿ. ಆರೋಗ್ಯ ಇಲಾಖೆ ಕೊಡುವ ಡೆಪಾ ತೈಲವನ್ನು ಕೈಕಾಲುಗಳಿಗೆ ಹಚ್ಚಿಕೊಳ್ಳಿ. ಮನೆಗೆ ಬಂದ ಕೂಡಲೇ ಬಟ್ಟೆಯನ್ನು ಬಿಸಿನೀರಿಗೆ ಹಾಕಿ, ಸ್ನಾನ ಮಾಡಿ, ಮೈಮೇಲೆ ಉಣುಗು ಇದೆಯೇ ನೋಡಿ.

ಜ್ವರ ಬಂದರೆ

ಉಣುಗು ಕಚ್ಚಿದ 3ರಿಂದ 8 ದಿನಗಳಲ್ಲಿ ಇದ್ದಕ್ಕಿದ್ದಂತೆ ಜೋರು ಜ್ವರ, ವಿಪರೀತ ತಲೆನೋವು, ಮೈಕೈ ನೋವು ಬರಬಹುದು. ಕೆಲವರಿಗೆ ಮೂಗು, ವಸಡಿನಿಂದ ರಕ್ತ ಬರುತ್ತದೆ. ಜ್ವರ ಬಿಟ್ಟು ಮತ್ತೆ ಬರುವುದೂ ಉಂಟು. ಸೋಂಕಾದ ನೂರರಲ್ಲಿ ಸುಮಾರು 3ರಿಂದ 5 ಜನ ಸಾಯುತ್ತಾರೆ. ಈ ವೈರಸ್‌ಗೆಂದೇ ಔಷಧಿ ಇಲ್ಲ. ಹಿಂದೆ ಕೊಡುತ್ತಿದ್ದ ಲಸಿಕೆ ಹೆಚ್ಚು ಪರಿಣಾಮಕಾರಿಯಲ್ಲವೆಂದು ಅದನ್ನು ನಿಲ್ಲಿಸಲಾಗಿದೆ. ಆದರೂ ಬೇಗ ಆಸ್ಪತ್ರೆ ಸೇರಿ ಸರಿಯಾದ ಆರೈಕೆ ಪಡೆದರೆ ಹೆಚ್ಚಿನವರು ಗುಣವಾಗುತ್ತಾರೆ. ಕಾಡಿಗೆ ಹೋಗಿದ್ದನ್ನು, ಮಂಗ ಸತ್ತಿದ್ದನ್ನು ವೈದ್ಯರಿಗೆ ತಪ್ಪದೇ ಹೇಳಿ. ಮಾಹಿತಿಗೆ ಕರ್ನಾಟಕದಲ್ಲಿ ಆರೋಗ್ಯ ಸಹಾಯವಾಣಿ 104ಕ್ಕೆ ಕರೆ ಮಾಡಬಹುದು.

ಮುಂದಿನ ಸಲ ಸತ್ತ ಮಂಗನ ಫೋಟೋ ನಿಮ್ಮ ಮೊಬೈಲಿಗೆ ಬಂದರೆ ಕಳಿಸಿದವರನ್ನು ಎರಡೇ ಪ್ರಶ್ನೆ ಕೇಳಿ: ಇದು ಎಲ್ಲಿ, ಯಾವಾಗ? ಇಲಾಖೆಗೆ ತಿಳಿಸಿದ್ದೀರಾ? ಉತ್ತರ ‘ಇಲ್ಲ’ ಎಂದಾದರೆ ಮೊದಲು ಫೋನ್ ಮಾಡಿ, ಫಾರ್ವರ್ಡ್ ಆಮೇಲೆ.